ಕಿವಿಗೆ ಹತ್ತಿ

ಅತ್ತಿಗೆ ಹತ್ತಿಯ ಎಳೆ ಬಿಡಿಸಿ ಅಂಗೈಯಲ್ಲಿಟ್ಟು ಉಂಡೆ ಕಟ್ಟುತ್ತಿದ್ದಳು. ಆಸ್ಪತ್ರೆಯವರು ತೀರಿಕೊಂಡ ಗಂಡನ ಬಲಗಿವಿಗೆ ಇಟ್ಟಿದ್ದ ಹತ್ತಿ, ಮೆಟ್ಟಿಲು ಹತ್ತಿಸುವಾಗಲೋ ಏನೋ, ಬಿದ್ದುಹೋಗಿತ್ತು. ನಾಟಕ ತಂಡದ ತಾಲೀಮಿನ ಕೋಣೆಯ ನಡುವೆ ಎರಡು ಬೆಂಚು ಜೋಡಿಸಿ ಅವರನ್ನು ಮಲಗಿಸಿದ್ದರು. ಎಂದೋ ಬಳಿದ ಕಪ್ಪು ಬಣ್ಣಕ್ಕೆ ಕಿಟಕಿಗಳು ಚೌಕಟ್ಟಿಗೇ ಅಂಟಿಕೊಂಡು ತೆರೆಯುತ್ತಿರಲಿಲ್ಲ. ಹಗಲಲ್ಲೂ ಬಲ್ಬು ಉರಿಯಬೇಕು. ಅವಳು ಉಂಡೆಯನ್ನು ಬೆರಳ ತುದಿಯಿಂದ ಒತ್ತಿ ಕೂರಿಸಿದಳು.

“ಅಷ್ಟು ಸಾಲದು ಅತ್ತಿಗೆ,” ಎಂದ ಪಕ್ಕದಲ್ಲಿ ನಿಂತಿದ್ದ ನಟ. ಮೈಯೆಲ್ಲ ಮೂಳೆ, ದನಿ ಮಾತ್ರ ಬೀದಿ ತುಂಬುವಷ್ಟು. ತಂಡದಲ್ಲಿ ಅವನ ಹೆಸರೇ ಗಂಟಲು, ಮೇಷ್ಟ್ರ ಹೆಂಡತಿ ಎಲ್ಲರಿಗೂ ಅತ್ತಿಗೆ. “ನಮಗೆ ಇನ್ನೂ ಬಿಗಿಯಾಗಿ ಹಾಕ್ತಿದ್ರಿ. ಇಷ್ಟೇ ಇದ್ರೆ ಕೇಳ್ಸುತ್ತೆ.”

“ಕೇಳಿದ್ರೆ ಕೇಳ್ಲಿ ಬಿಡೋ. ಇಷ್ಟು ವರ್ಷ ಯಾರ ಮಾತು ಕೇಳಿದ್ರು ಮೇಷ್ಟ್ರು?” ಎಂದಳು ದೊಡ್ಡಮ್ಮ. ಹರೆಯದಲ್ಲೇ ಮುದುಕಿಯ ಪಾತ್ರ ಮಾಡಿ ಆ ಹೆಸರು ಅಂಟಿಸಿಕೊಂಡವಳು. ಈಗ ವಯಸ್ಸೂ ಹೆಸರಿಗೆ ಹೊಂದಿಕೊಂಡಿತ್ತು.

ಅತ್ತಿಗೆ ನಗಲಿಲ್ಲ. ಉಳಿದ ಹತ್ತಿಯನ್ನು ಮುಷ್ಟಿಯಲ್ಲೇ ಇಟ್ಟುಕೊಂಡಳು.

*

ಅದು ಬಾಗಿಲಿನ ನಾಟಕ. ರಂಗದ ಮೇಲೆ ತಾಯಿಯಾಗಿ ದೊಡ್ಡಮ್ಮ, ಮಗನಾಗಿ ಗಂಟಲು, ಒಂದು ಮುಚ್ಚಿದ ಬಾಗಿಲು. ಮನೆ ಬಿಟ್ಟುಹೋಗಿದ್ದ ಅಪ್ಪ ಕೊನೆಗೆ ಬಂದು ಹೊರಗಿನಿಂದ ಒಂದೇ ಒಂದು ಮಾತು ಹೇಳುತ್ತಾನೆ. ಒಳಗಿನವರಿಗೆ ಕೇಳುವುದಿಲ್ಲ. ಆ ಮಾತನ್ನು ಮೇಷ್ಟ್ರೇ ಪ್ರೇಕ್ಷಕರ ಬೆನ್ನ ಹಿಂದೆ ನಿಂತು ಮೆಲ್ಲಗೆ ಹೇಳಿ, ದೀಪವನ್ನೂ ತಾವೇ ಆರಿಸುತ್ತಿದ್ದರು. “ಕೇಳದವರ ಹಾಗೆ ನಟಿಸೋದು ಬೇಡ, ನಿಜವಾಗ್ಲೂ ಕೇಳಬಾರ್ದು” ಎಂದು ಆ ದೃಶ್ಯಕ್ಕೆ ಮುಂಚೆ ಇಬ್ಬರ ಕಿವಿಗೂ ಹತ್ತಿ ಹಾಕಿಸುತ್ತಿದ್ದರು. ಅವರ ನಾಟಕಗಳೆಲ್ಲ ಅವರ ತಲೆಯಲ್ಲೇ ಇದ್ದವು. ಅವರವರ ಮಾತನ್ನು ಅವರವರಿಗೆ ಮಾತ್ರ ಬಾಯಲ್ಲಿ ಹೇಳಿ ಕಲಿಸುವುದು ಮೇಷ್ಟ್ರ ಕ್ರಮ.

ಹತ್ತಿ ಹಾಕುವ ಕೆಲಸ ಅತ್ತಿಗೆಯದು. ಹಾಕಿದವಳೇ ಅಂಗಳದಾಚೆಯ ಕೋಣೆಗೆ ಓಡಬೇಕು. ಹಿಂದಿನ ದೃಶ್ಯದಲ್ಲಿ ಮಗ ಹರಿದು ಕಳಚಿದ ಅಂಗಿಯನ್ನು ಅದೇ ಸಂಜೆಯ ಮುಂದಿನ ಪ್ರದರ್ಶನಕ್ಕೆ ಹೊಲಿದಿಡಬೇಕು. ಕೊನೆಯ ಮಾತಿನ ಹೊತ್ತಿಗೆ ಅವಳಿಗೆ ಕೇಳುತ್ತಿದ್ದುದು ಹೊಲಿಗೆ ಮಿಷನ್ನಿನ ಸದ್ದೊಂದೇ.

“ಅಲ್ಲಾ, ಹೊರಗೆ ನಿಂತು ಏನ್ರೀ ಹೇಳ್ತೀರಿ?” ಎಂದು ಒಮ್ಮೆ ಗಂಡನನ್ನು ಕೇಳಿದ್ದಳು.

“ಮನೇಲಿ ಹೇಳಿದ್ರೆ ಅದು ಬರೀ ಮಾತಾಗುತ್ತೆ. ಬಂದು ಕೂತು ಕೇಳು.”

“ನಾನು ಕೂತ್ರೆ ಅಂಗಿ ಯಾರು ಹೊಲೀತಾರೆ, ನಿಮ್ಮಮ್ಮ ಬರ್ತಾರಾ?”

ಮೇಷ್ಟ್ರು ಹೊಟ್ಟೆ ಹಿಡಿದುಕೊಂಡು ನಕ್ಕಿದ್ದರು. “ಇದನ್ನೇ ಸಿನಿಮಾ ಮಾಡ್ತೀನಿ ತಾಳು. ಆವಾಗ ಮುಂದಿನ ಸಾಲಲ್ಲೇ ಕೂರ್ಸ್ತೀನಿ.”

*

“ನಿಮಗಾದ್ರೂ ಗೊತ್ತಾ?” ಅತ್ತಿಗೆ ಇಬ್ಬರನ್ನೂ ನೋಡಿದಳು. “ಕೊನೇಲಿ ಏನು ಹೇಳ್ತಿದ್ರು ಇವರು?”

“ಕಿವಿ ಮುಚ್ಚಿದ್ದು ನೀವೇ ಅಲ್ವಾ ಅತ್ತಿಗೆ,” ಎಂದಳು ದೊಡ್ಡಮ್ಮ.

ಗಂಟಲು ನೆಲ ನೋಡುತ್ತ ಹೇಳಿದ: “ನಾನೊಂದ್ಸಲ ಕದ್ದು ಹತ್ತಿ ತೆಗೆದು ನಿಂತಿದ್ದೆ. ಅಷ್ಟು ದೂರದಿಂದ ಹೇಗೆ ಗೊತ್ತಾಯ್ತೋ, ಅವತ್ತು ಅವರು ಬಾಯೇ ಬಿಡಲಿಲ್ಲ. ಸುಮ್ಮನೆ ದೀಪ ಆರ್ತು.”

*

ಸಿನಿಮಾ ಆಯಿತು. ಅರ್ಧ ಚಿತ್ರೀಕರಣ ಮುಗಿದಾಗ ನಿರ್ಮಾಪಕರು, “ಹೊರಗೆ ನಿಂತೋನು ಒಳಗೆ ಬರದೇ ಇದ್ರೆ ಜನ ಕುರ್ಚಿ ಹರಿದುಹಾಕ್ತಾರೆ ಮೇಷ್ಟ್ರೇ,” ಎಂದರು. ಮೇಷ್ಟ್ರು ಜಗಳವಾಡುವಷ್ಟು ಆಡಿ, ಒಂದು ದಿನ ಕೈಚೆಲ್ಲಿದರು.

ಮೊದಲ ಆಟಕ್ಕೆ ಅತ್ತಿಗೆ ಮುಂದಿನ ಸಾಲಲ್ಲಿ ಕೈಕಟ್ಟಿ ಕೂತಿದ್ದಳು. ಅಪ್ಪ ಬಂದ. ಬಾಗಿಲು ತಟ್ಟಿದ. ಅವಳು ಆ ಮಾತಿಗೆ ಕಿವಿಗೊಟ್ಟಳು. ಬಾಗಿಲು ತೆರೆಯಿತು, ಎಲ್ಲರೂ ತಬ್ಬಿಕೊಂಡು ಅತ್ತರು, ಹಾಡು ಶುರುವಾಯಿತು. ತಿರುಗಿ ನೋಡಿದರೆ ಪಕ್ಕದಲ್ಲಿ ಮೇಷ್ಟ್ರಿರಲಿಲ್ಲ. ಕುರ್ಚಿ ಹರಿಯಲಾದರೂ ಅಲ್ಲಿ ಜನ ಎಲ್ಲಿದ್ದರು?

ಆಮೇಲೆ ಸಿನಿಮಾದವರು ಕರೆಯಲಿಲ್ಲ. ನಾಟಕಕ್ಕೆ ತಂಡ ಉಳಿದಿರಲಿಲ್ಲ. ಮೇಷ್ಟ್ರು ಈ ಕೋಣೆಗೆ ಬಂದು ಬಲ್ಬು ಹಾಕಿಕೊಂಡು ಕೂತಿರುತ್ತಿದ್ದರು. ಅತ್ತಿಗೆ ಒಮ್ಮೆ ಆ ಮಾತೇನೆಂದು ಮತ್ತೆ ಕೇಳಿದಳು. ಕೇಳಿಸದವರಂತೆ ಗೋಡೆಯ ಕಡೆ ತಿರುಗಿದರು. ಇನ್ನೊಂದು ದಿನ ಕೇಳಿದರಾಯಿತು ಎಂದುಕೊಂಡಳು.

*

ಸಿನಿಮಾದ ಎಡಿಟರ್ ನಿರ್ಮಾಪಕರ ಪರವಾಗಿ ಹೂಗುಚ್ಛ ತಂದಿದ್ದ. ಎಲ್ಲಿಡಬೇಕೆಂದು ತಿಳಿಯದೆ ಎದೆಗವಚಿಕೊಂಡೇ ನಿಂತಿದ್ದ.

“ಅಮ್ಮಾ, ಮೇಷ್ಟ್ರು ನಾಟಕದಲ್ಲಿದ್ದಂಥ ಕೊನೇನೂ ಶೂಟ್ ಮಾಡಿದ್ರು,” ಎಂದ. “ನಾನೇ ಜೋಡಿಸಿದ್ದೆ.”

ಅತ್ತಿಗೆ ಎದ್ದು ಅವನ ತೋಳು ಹಿಡಿದಳು. “ಏನು ಹೇಳ್ತಾರಪ್ಪಾ ಅದರಲ್ಲಿ?”

“ದನಿ ಆಮೇಲೆ ಕೊಡ್ತೀನಿ ಅಂದಿದ್ರು. ಬರೀ ಮುಚ್ಚಿದ ಬಾಗಿಲು ಇತ್ತಮ್ಮಾ. ಅದನ್ನೂ ಅಳಿಸು ಅಂದ್ರು ನಮ್ಮ ಸಾಹೇಬ್ರು.” ಅವನು ಹೂವನ್ನು ಬೆಂಚಿನ ತುದಿಗಿಟ್ಟ. “ಅಳಿಸಿದೆ.”

ಅವಳು ಅವನ ತೋಳು ಬಿಟ್ಟಳು.

ಕೆಳಗೆ ಶವವಾಹನ ಬಂತು. ನಾಲ್ವರು ಮೇಷ್ಟ್ರನ್ನು ಎತ್ತಿಕೊಂಡು ಇಕ್ಕಟ್ಟಿನ ಮೆಟ್ಟಿಲಿಳಿದರು. ತಿರುವಿನಲ್ಲಿ ಗಂಟಲು “ತಲೆ, ತಲೆ” ಎನ್ನುತ್ತಿದ್ದ. ಬೀದಿಯಲ್ಲಿ ಸಿನಿಮಾದವರು, ಅವರನ್ನು ನೋಡಲು ನಿಂತವರು, ಅಂಗಡಿಯವರು. ವಾಹನದ ಬಾಗಿಲು ಹಾಕಲು ಬಂದ ಚಾಲಕನನ್ನು ಅತ್ತಿಗೆ ತಡೆದಳು. ಜೀವಮಾನವೆಲ್ಲ ಪರದೆಯ ಹಿಂದೆಯೇ ಇದ್ದವಳು, ಮೊದಲ ಸಲ ಜನರ ಕಡೆ ಮುಖ ಮಾಡಿ ನಿಂತಳು.

“ಬಾಗಿಲಿನ ನಾಟಕ ನೋಡಿದೋರು ಯಾರಾದ್ರೂ ಇದೀರಾ? ಕೊನೇಲಿ ಇವರು ಏನು ಹೇಳ್ತಿದ್ರು?”

ಒಬ್ಬರು ಇನ್ನೊಬ್ಬರ ಮುಖ ನೋಡಿದರು. ಗಂಟಲಿನ ಕೈ ಕಿವಿಯವರೆಗೆ ಹೋಗಿ ಅಲ್ಲೇ ನಿಂತಿತು. ತನ್ನ ದನಿ ಅವರಿಗೆ ಮುಟ್ಟಲಿಲ್ಲವೇನೋ ಎಂದು ಅವಳು ಒಂದು ಹೆಜ್ಜೆ ಮುಂದೆ ಬಂದಳು.

“ಮೆಲ್ಲಗೆ ಹೇಳಿದ್ರೂ ಸಾಕು. ಹೇಳಿ ಯಾರಾದ್ರೂ.”