ಅರವಟ್ಟಿಗೆಯ ಪುಟ

ಭಾನುವಾರ ಬಂತೆಂದರೆ ಇಂಡಿ ಪಟ್ಟಣದ ಆ ಮನೆಯ ಪಡಸಾಲೆಯಲ್ಲಿ ಕಾಲಿಡಲು ಜಾಗವಿರುತ್ತಿರಲಿಲ್ಲ. ಚಾಪೆಯ ತುಂಬ ಹಾಳೆ, ಬಣ್ಣದ ಪೆನ್ಸಿಲ್ಲು, ಕತ್ತರಿ, ಹೊಲಿಯುವ ದಾರ, ನಡುವೆ ಮುಕ್ತಾ. ಸೊಸೆ ಸರಕಾರಿ ಶಾಲೆಯ ಶಿಕ್ಷಕಿ ಎನ್ನುವುದು ತುಳಸೀಬಾಯಿಗೆ ಹೆಮ್ಮೆಯ ಸಂಗತಿಯೇ. ಆದರೆ ಶಾಲೆ ಹೀಗೆ ಮನೆಯೊಳಗೇ ಬಂದು ಕೂರುವುದು ಅವರಿಗೆ ಸರಿಬರುತ್ತಿರಲಿಲ್ಲ.

"ಸರಕಾರ ಪುಸ್ತಕಾ ಕೊಡ್ತದಲಾ, ಮತ್ತ ನೀ ಯಾಕ ಗೊಂಬಿ ಬರಕೋತ ಕೂಡ್ತೀ?"

"ಅತ್ಯಾ, ಆ ಪುಸ್ತಕದಾಗ ಸಮುದ್ರ ಅದ, ಹಡಗ ಅದ. ನಮ್ಮ ಹುಡುಗ್ರು ಎರಡೂ ಕಂಡಿಲ್ಲ. ಅಕ್ಷರಾನೂ ಹೊಸಾದು, ಚಿತ್ರಾನೂ ಹೊಸಾದು ಅಂದ್ರ ಕೂಸು ಯಾವುದರ ಕೈ ಹಿಡದು ನಡೀಬೇಕು?"

ಮುಕ್ತಾ ಮಾಡುತ್ತಿದ್ದದ್ದು ಪುಟ್ಟ ಪುಸ್ತಕಗಳನ್ನು. ಎಂಟು ಪುಟ, ಪುಟಕ್ಕೊಂದು ಚಿತ್ರ, ಕೆಳಗೆ ಒಂದೆರಡು ಸಾಲು. ಮಕ್ಕಳು ಹೇಳಬೇಕು, ಅವಳು ಬರೆಯಬೇಕು. ಅದು ಅವಳ ಪದ್ಧತಿ. ಪೇಟೆಯಲ್ಲಿ ಜೆರಾಕ್ಸ್ ಮಾಡಿಸಿ, ದಾರದಿಂದ ಹೊಲಿದು, ಒಂದನೆಯ ಮತ್ತು ಎರಡನೆಯ ತರಗತಿಯ ಮಕ್ಕಳಿಗೆಲ್ಲ ಒಂದೊಂದು ಕೊಡುತ್ತಿದ್ದಳು. ನಿಂಬೆಗಿಡದ ಪುಸ್ತಕ, ರೊಟ್ಟಿ ಬಡಿಯುವ ಅವ್ವನ ಪುಸ್ತಕ, ಕಳೆದುಹೋದ ಕೋಳಿಮರಿಯ ಪುಸ್ತಕ. ಸರಕಾರಿ ಪುಸ್ತಕದ ಮುಂದೆ ಬಾಯಿಗೆ ಬೀಗ ಹಾಕಿ ಕೂತಿದ್ದ ಮಕ್ಕಳು ಇವನ್ನು ಬೆರಳಿಟ್ಟು ಗಡಗಡ ಓದುತ್ತಿದ್ದವು.

ಅದೇ ಮನೆಯ ಬಚ್ಚಲ ಪಕ್ಕದ ಗೂಡಿನಲ್ಲಿ ಒಂದು ಸ್ಟೀಲಿನ ಲೋಟ ಬೋರಲಾಗಿ ಕೂತಿತ್ತು. ಭಾಂಡೆ ತಿಕ್ಕಲು ಬರುವ ಹೆಂಗಸಿನ ಚಹಾದ ಲೋಟ ಅದು. ಒಳಗಿನ ಲೋಟಗಳ ಜೊತೆ ಅದು ಎಂದೂ ಕೂಡುತ್ತಿರಲಿಲ್ಲ. ಮುಕ್ತಾ ವಾದ ಮಾಡಿ ಸೋತಿದ್ದಳು. "ನಾ ಇರೋತನಕ ಇರಲಿ, ಆಮ್ಯಾಲ ನಿನ್ನ ರಾಜ್ಯ" ಎಂದು ಅತ್ತೆ ನಕ್ಕುಬಿಟ್ಟಿದ್ದರು. ಗಿಡವಾಗಿ ಬಗ್ಗದ್ದು ಮರವಾಗಿ ಬಗ್ಗೀತೇ ಎಂದುಕೊಂಡ ಮುಕ್ತಾ ಗಿಡಗಳ ಕಡೆ ತಿರುಗಿದಳು. ಅದು ತಪ್ಪೆಂದು ಯಾರು ಹೇಳುತ್ತಾರೆ? ನಾನಂತೂ ಹೇಳಲಾರೆ. ಆದರೆ ಗಿಡ ಬೆಳೆಯುವುದು ಮರಗಳ ನಡುವೆಯೇ ಎಂಬುದನ್ನು ಅವಳು ಮರೆತಳು.

ಅವಳ ಶಾಲೆ ಇದ್ದದ್ದು ತಾಂಬಾದ ಆಚೆಯ ಒಂದು ಹಳ್ಳಿಯಲ್ಲಿ. ಹಳ್ಳಿಯ ಹೆಸರು ಬೇಡ. ಹೆಸರು ಹೇಳಿದರೆ ಉಳಿದ ಹಳ್ಳಿಗಳು ತಾವು ಪಾರಾದೆವು ಎಂದುಕೊಳ್ಳುತ್ತವೆ. ಯುಗಾದಿಯ ಹೊತ್ತಿಗೆ ಆ ಊರಿನ ಹಣಮಪ್ಪನ ಗುಡಿಯ ಮುಂದೆ, ಬೇವಿನ ನೆರಳಿನ ಕಟ್ಟೆಯ ಮೇಲೆ ಅರವಟ್ಟಿಗೆ ಇಡುತ್ತಾರೆ. ಹಸಿ ಗೋಣಿಚೀಲ ಸುತ್ತಿದ ಕೆಂಪು ಗಡಿಗೆಗಳು, ಮೇಲೊಂದು ತಂಬಿಗೆ. ಇಡಿಸುವವರು ರಾವಸಾಬ ಗೌಡರು, ದೊಡ್ಡ ಮನುಷ್ಯರು. ಹೋಗುವವರು ಬರುವವರು ತಾವೇ ಮೊಗೆದು ಕುಡಿಯುತ್ತಾರೆ. ಊರ ಹೊರಗಿನ ಓಣಿಯವರು ಮಾತ್ರ ಗಡಿಗೆ ಮುಟ್ಟುವಂತಿಲ್ಲ. ಅವರು ಕಟ್ಟೆಯ ಕೆಳಗೆ ಬೊಗಸೆ ಒಡ್ಡಬೇಕು. ಗೌಡರ ಮನೆಯ ಆಳು ಮುತ್ತುರಾಜನೋ ಮತ್ತೊಬ್ಬರೋ ಮೇಲಿನಿಂದ ಸುರಿಯಬೇಕು. ಸುರಿಯುವವರು ಇಲ್ಲದಿದ್ದರೆ ಕಾಯಬೇಕು. ಇದನ್ನು ಯಾರೂ ಎಲ್ಲಿಯೂ ಬರೆದಿಟ್ಟಿಲ್ಲ, ಆದರೂ ಎಲ್ಲರಿಗೂ ಬಾಯಿಪಾಠ.

ಕೋಮಲ ಆ ಓಣಿಯ ಹುಡುಗಿ. ಎರಡನೆಯ ತರಗತಿ. ತಾಯಿ ತೀರಿಕೊಂಡಿದ್ದಳು. ತಂದೆ ಪ್ರೇಮಕುಮಾರ ಸೊಲ್ಲಾಪುರದಲ್ಲಿ ಗೌಂಡಿ ಕೆಲಸಕ್ಕಿದ್ದ. ನಿಂಬೆತೋಟದಲ್ಲಿ ಕೂಲಿ ಮಾಡುವ ಅಜ್ಜಿ ಯಲ್ಲವ್ವನೇ ಅವಳನ್ನೂ ಅವಳ ತಂಗಿಯನ್ನೂ ಸಾಕುತ್ತಿದ್ದಳು. ಶಾಲೆಯಲ್ಲಿ ತಿಂಗಳುಗಟ್ಟಲೆ ತುಟಿ ಬಿಚ್ಚದ ಕೋಮಲ, ಒಂದು ದಿನ ಮುಕ್ತಾಳ ಸೆರಗು ಜಗ್ಗಿ, "ಅಕ್ಕೋರ, ನಂದೂ ಒಂದು ಬುಕ್ ಮಾಡ್ರಿ" ಅಂದಳು. ಮುಕ್ತಾಳ ಕಣ್ಣು ತುಂಬಿ ಬಂತು. ಕೂರಿಸಿಕೊಂಡು, ಹೋದ ಬೇಸಿಗೆ ರಜೆಯ ನಿನ್ನ ಒಂದು ಇಡೀ ದಿನ ಹೇಳು ಅಂದಳು.

ಹುಡುಗಿ ಹೇಳಿದಳು. ಎದ್ದೆ, ಮಾರಿ ತೊಳಕೊಂಡೆ, ತಂಗೀನ ಎತ್ತಿಕೊಂಡೆ, ತೋಟದಾಗಿನ ಆಯಿಗೆ ಬುತ್ತಿ ಒಯ್ದೆ. ಆರನೆಯ ಪುಟಕ್ಕೆ ಅವಳು ಹೇಳಿದ್ದು ಇಷ್ಟು: "ನೀರಡಿಕಿ ಆತು. ಕಟ್ಟೀ ಬಾಜೂಕ ಕುಂತೆ. ಯಾರರ ಬರಲಿ ಅಂತ ಕಾದೆ."

ಮುಕ್ತಾಳ ಪೆನ್ಸಿಲ್ಲು ನಿಂತಿತು. ಏಳು ವರ್ಷದ ಮಕ್ಕಳು ಇದನ್ನು ಬೆರಳಿಟ್ಟು ಓದಬೇಕೇ? ಓದಿ ಓದಿ ಇದೇ ಸರಿ ಎಂದು ಕಲಿಯಬೇಕೇ? ಮೊದಲ ಸಲ ಅವಳು ತನ್ನ ಪದ್ಧತಿ ಮುರಿದಳು. ಮಗು ಹೇಳಿದ್ದನ್ನು ಬಿಟ್ಟು, ಆಗಬೇಕಾದ್ದನ್ನು ಬರೆದಳು: "ಕೋಮಲಳಿಗೆ ನೀರಡಿಕೆ ಆಯಿತು. ಗಡಿಗೆಯ ಮುಚ್ಚಳ ತೆಗೆದಳು. ತಣ್ಣನೆಯ ನೀರು ಕುಡಿದಳು." ಚಿತ್ರದಲ್ಲಿ ಎರಡು ಜಡೆಯ ಹುಡುಗಿ ತಂಬಿಗೆ ಎತ್ತಿ ನಗುತ್ತಿದ್ದಳು.

ಅಚ್ಚಿನ ಮೇಲೆ ಮಕ್ಕಳಿಗಿರುವ ನಂಬಿಕೆ ದೊಡ್ಡದು. ಕೋಮಲ ಆ ಪುಟವನ್ನು ಎಷ್ಟು ಓದಿದಳೆಂದರೆ ಅದರ ಮೂಲೆ ಕರಗಿಹೋಯಿತು. ಆ ವರ್ಷ ಯುಗಾದಿಗೆ ಗಡಿಗೆ ಇಟ್ಟ ಮರುದಿನವೇ, ಶಾಲೆ ಬಿಟ್ಟು ಬರುವಾಗ ಕಟ್ಟೆ ಹತ್ತಿದಳು, ಮುಚ್ಚಳ ತೆಗೆದಳು, ಮೊಗೆದು ಕುಡಿದಳು. ನೋಡಿದವರು ಕೂಗಿದರು. ಹುಡುಗಿ ಹೆದರಲಿಲ್ಲ. "ಬುಕ್ಕಿನ್ಯಾಗ ಐತ್ರಿ" ಅಂದಳು.

ಗಡಿಗೆಗಳನ್ನು ಬೀದಿಯಲ್ಲೇ ಒಡೆದರು. ಯಲ್ಲವ್ವ ತೋಟದಿಂದ ಓಡಿಬಂದು, ಯಾರೂ ಹೊಡೆಯುವ ಮೊದಲೇ ತಾನೇ ಮೊಮ್ಮಗಳನ್ನು ಬೇವಿನ ಬರಲಿನಿಂದ ಹೊಡೆದಳು. ಮಂದಿಯ ಕೈಗಿಂತ ತನ್ನ ಕೈ ಮೆತ್ತಗಿರುತ್ತದೆ ಎಂಬ ಲೆಕ್ಕ ಆ ಮುದುಕಿಯದು. ಹುಡುಗಿಯನ್ನು ಕಟ್ಟೆಯ ಮುಂದೆ ಅಡ್ಡಬೀಳಿಸಿ, ತಾನೂ ಬಿದ್ದಳು.

ಮರುದಿನ ಗೌಡರು ಹಿರಿಯರನ್ನು ಕಟ್ಟಿಕೊಂಡು ಶಾಲೆಗೆ ಬಂದರು. ಹೆಡ್‌ಮಾಸ್ತರ ಮಾಳಿಂಗಪ್ಪ ಕುರ್ಚಿ ಒರೆಸಿ ಕೊಟ್ಟರು.

"ಅಕ್ಕೋರ, ಸಾಲಿಯಾಗ ಅಆಇಈ ಕಲಸ್ರಿ. ಊರ ನೀರಿನ ಉಸಾಬರಿ ನಿಮಗ್ಯಾಕ?"

"ಗೌಡ್ರ, ನೀರು ಅಂಬೋದು ಕೂಸು ಕಲಿಯೋ ಮೊದಲಿನ ಮಾತಿನಾಗ ಒಂದ್ರಿ. ಅದನ್ನ ಬಿಟ್ಟು ಏನ ಕಲಸಲಿ?"

"ನಾವೇನ್ ನೀರು ಕೊಡಂಗಿಲ್ಲ ಅಂದೇವೇನ್ರಿ? ಹೊಟ್ಟಿ ತುಂಬ ಹಾಕಸ್ತೇನಿ. ಗಡಗೀಗಿ ಕೈ ಹಚ್ಚಬ್ಯಾಡ್ರಿ, ಅಷ್ಟ. ಹಿರೇರು ಮಾಡಿಟ್ಟ ರಿವಾಜು ಐತಿ."

"ಹಾಕೋರು ಯಾರೂ ಇರದಾಗ?"

"ಕಾಯ್ತಾರ. ಅವರಜ್ಜ ಕಾದಾನ, ಅವರಪ್ಪ ಕಾದಾನ. ಕಾದು ಯಾರರ ಸತ್ತಾರೇನ್ರಿ?"

ಮುಕ್ತಾಳ ಸಿಟ್ಟು ನೆತ್ತಿಗೇರಿತು. "ಇದು ಕಾಯ್ದೆ ಪ್ರಕಾರ ಗುನ್ಹೆ ಅದ. ನಾ ಅರ್ಜಿ ಕೊಡ್ತೀನಿ" ಅಂದಳು. ಗೌಡರು ಸಿಟ್ಟಾಗಲಿಲ್ಲ. ಬಾಗಿಲಲ್ಲಿ ಮುದುಡಿ ನಿಂತಿದ್ದ ಯಲ್ಲವ್ವನ ಕಡೆ ನೋಡಿ, "ಹೌದೇನಬೇ, ಅರ್ಜಿ ಕೊಡತಿಯೇನ?" ಅಂದರು.

ಯಲ್ಲವ್ವ ಕೈ ಮುಗಿದದ್ದು ಗೌಡರಿಗಲ್ಲ, ಮುಕ್ತಾಳಿಗೆ. "ಆ ಹಾಳಿ ಹರದ ಹಾಕ್ರಿ ಅಕ್ಕೋರ. ನೀವು ಸಂಜಿ ಬಸ್ಸಿಗಿ ಹೊಕ್ಕೀರಿ. ನಾವು ಇಲ್ಲೇ ಇರಬೇಕು. ಗೌಡರ ತೋಟದಾಗ ದುಡಿಬೇಕು."

ಮುಕ್ತಾ ಹರಿಯಲಿಲ್ಲ, ಅರ್ಜಿಯನ್ನೂ ಬರೆಯಲಿಲ್ಲ. ಮಾಳಿಂಗಪ್ಪ ಪುಸ್ತಕಗಳನ್ನೆಲ್ಲ ಕೂಡಿಸಿ, ಆರನೆಯ ಪುಟದ ಮೇಲೆ ಬಿಳಿ ಹಾಳೆ ಅಂಟಿಸಿ ಮರಳಿ ಕೊಟ್ಟರು. ಹಾವೂ ಸಾಯಲಿಲ್ಲ, ಕೋಲೂ ಮುರಿಯಲಿಲ್ಲ. ಮಕ್ಕಳು ಆ ಪುಟವನ್ನು ಬಿಸಿಲಿಗೆ ಹಿಡಿದು ಓದಿದರು. ಕೋಮಲ ಮಾತ್ರ ಅದನ್ನು ಮತ್ತೆ ತೆರೆಯಲಿಲ್ಲ. ಯಾವ ಪುಟವನ್ನೂ ತೆರೆಯಲಿಲ್ಲ. ಓದು ಅಂದರೆ, "ಒಲ್ಲೆರಿ, ಹೊಡೀತಾರ" ಎನ್ನುತ್ತಿದ್ದಳು.

ಮನೆಗೆ ಬಂದು ಅತ್ತ ಸೊಸೆಗೆ ತುಳಸೀಬಾಯಿ ಹೇಳಿದರು: "ಮಗಳೇ, ನೀ ಬರದಿ, ಪೆಟ್ಟು ತಿಂದಾಕಿ ಅಕಿ. ಇನ್ನರ ಸಾಕು ಮಾಡು." ಆ ಮಾತು ಕ್ರೂರವಾಗಿತ್ತು. ಸುಳ್ಳಂತೂ ಆಗಿರಲಿಲ್ಲ.

ಶಾಲೆಗೆ ಬೇಸಿಗೆ ರಜೆ ಬಿತ್ತು. ಮೇ ತಿಂಗಳಲ್ಲಿ ನಮ್ಮ ಕಡೆ ಮಧ್ಯಾಹ್ನ ನಾಯಿ ಕೂಡ ಬೀದಿಗೆ ಬರುವುದಿಲ್ಲ. ಅಂಥ ಒಂದು ಮಧ್ಯಾಹ್ನ ಕೋಮಲ ತೋಟದಲ್ಲಿದ್ದ ಅಜ್ಜಿಗೆ ಬುತ್ತಿ ಕೊಟ್ಟು ಒಬ್ಬಳೇ ಮರಳಿದಳು. ಬೆಳಿಗ್ಗೆಯಿಂದ ಮೈ ಬೆಚ್ಚಗಿತ್ತಂತೆ. ಕೈಯಲ್ಲಿದ್ದ ಬಾಟಲಿಯ ನೀರನ್ನು ದಾರಿಯಲ್ಲೇ ಮುಗಿಸಿದ್ದಳು. ಕಟ್ಟೆಯ ಹತ್ತಿರ ಬಂದಳು. ಅವಳ ಓಣಿ ಇನ್ನೂ ಊರಿನ ಆಚೆ ತುದಿಗಿತ್ತು. ಹೊಸ ಗಡಿಗೆಗಳು ತುಂಬಿದ್ದವು. ಮುತ್ತುರಾಜ ಊಟಕ್ಕೆ ಹೋದವನು ಹಾಗೇ ಅಡ್ಡಾಗಿದ್ದ.

ಹುಡುಗಿ ಕಟ್ಟೆಯ ಕೆಳಗೆ, ನೆರಳು ಸರಿದುಹೋದ ಕಲ್ಲಿನ ಮೇಲೆ ಕೂತಳು. ಯಾರಾದರೂ ಬರಲಿ ಎಂದು ಕಾದಳು. ಎದುರು ಮನೆಯ ಮುದುಕಿ ಕಿಟಕಿಯಿಂದ ಕಂಡಿದ್ದಳಂತೆ. ಆಡುತ್ತ ಕೂತಿದೆ ಅಂದುಕೊಂಡಳಂತೆ. ಹೊತ್ತು ಇಳಿದ ಮೇಲೆ ಮುತ್ತುರಾಜ ಬಂದು ನೋಡಿದಾಗ ಮಗು ಪಕ್ಕಕ್ಕೆ ವಾಲಿತ್ತು, ಮೈ ಕಾದ ಹಂಚಾಗಿತ್ತು. ಆಗ ಅವನು ತಂಬಿಗೆ ತಂಬಿಗೆ ಸುರಿದ. ಮುಖಕ್ಕೆ ಸುರಿದ, ತಲೆಗೆ ಸುರಿದ. ಟಂಟಂ ರಿಕ್ಷಾದಲ್ಲಿ ಹಾಕಿಕೊಂಡು ಇಂಡಿಗೆ ಒಯ್ಯುವಷ್ಟರಲ್ಲಿ ಎಲ್ಲ ಮುಗಿದಿತ್ತು.

ಬಿಸಿಲು ಬಡಿಯಿತು ಎಂದರು ಡಾಕ್ಟರು. ಬಿಸಿಲು ಬಡಿಯಿತು ಎಂದಿತು ಊರು. ಸೊಲ್ಲಾಪುರದಿಂದ ಓಡಿಬಂದ ಪ್ರೇಮಕುಮಾರ ಠಾಣೆಯ ಮೆಟ್ಟಿಲು ಹತ್ತಿದ. ಅಲ್ಲಿ ಕೇಳಿದರು, "ಯಾರ ಮ್ಯಾಲ ಬರಕೊಳ್ಳೂನು? ಯಾರರ ಬ್ಯಾಡ ಅಂದ್ರೇನು? ಯಾರರ ತಡದ್ರೇನು?" ಯಾರೂ ಬೇಡ ಅಂದಿರಲಿಲ್ಲ. ಯಾರೂ ತಡೆದಿರಲಿಲ್ಲ. ಅಲ್ಲಿ ಯಾರೂ ಇರಲೇ ಇಲ್ಲ. ಓದುವವರೇ, ಈ ರಿವಾಜಿನ ಜಾಣತನ ನೋಡಿ. ಕೈ ಎತ್ತದೆ, ಬೈಯದೆ, ತುಂಬಿದ ಗಡಿಗೆಯ ಮುಂದೆ ಕೂರಿಸಿ ಒಂದು ಕೂಸನ್ನು ಕೊಂದಿತು. ಪುಣ್ಯದ ಅರವಟ್ಟಿಗೆಯಲ್ಲಿ ಕೊಂದಿತು.

ಜೂನಿನಲ್ಲಿ ಮುಕ್ತಾ ಕೋಮಲಳ ಪುಸ್ತಕವನ್ನು ಮತ್ತೆ ಮಾಡಿದಳು. ಆರನೆಯ ಪುಟದಲ್ಲಿ ಈ ಸಲ ಹುಡುಗಿ ಹೇಳಿದ್ದೇ ಇತ್ತು, ಅವಳ ಮಾತಿನಲ್ಲೇ. ಚಿತ್ರ ಬರೆಯಲು ಮುಕ್ತಾಳ ಕೈ ಏಳಲಿಲ್ಲ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು. ಮಾಳಿಂಗಪ್ಪ ಪುಸ್ತಕ ನೋಡಿ, "ಇನ್ನ ಇದ ಬ್ಯಾಡ್ರಿ ಬಾಯಾರ, ಮ್ಯಾಲಿನವರು ಕೊಟ್ಟಿದ್ದಷ್ಟ ಓದಸೂನು" ಎಂದು ಕಪಾಟಿನಲ್ಲಿ ಇಟ್ಟು ಬೀಗ ಹಾಕಿದರು. ಇಂಡಿಯ ಮನೆಯ ಗೂಡಿನಲ್ಲಿ ಸ್ಟೀಲಿನ ಲೋಟ ಇದ್ದಲ್ಲೇ ಇದೆ.

ಈ ಯುಗಾದಿಗೆ ಅರವಟ್ಟಿಗೆ ಮತ್ತೆ ಬಂತು. ಗೌಡರಿಗೂ ಮನಸ್ಸು ಚುಚ್ಚಿರಬೇಕು. ಬೇವಿನ ಮರಕ್ಕೆ ಹೊಸ ಬೋರ್ಡು ಹೊಡೆಸಿದರು: "ಕು. ಕೋಮಲ ಇವಳ ಸ್ಮರಣಾರ್ಥ ನೀರಿನ ಸೇವೆ." ಸಂಜೆ ಬಸ್ಸಿಗೆ ಹೊರಟ ಮುಕ್ತಾ ಅದನ್ನು ಓದುತ್ತ ನಿಂತಿದ್ದಳು. ತೋಟದಿಂದ ಬಂದ ಯಲ್ಲವ್ವ ಕಟ್ಟೆಯ ಕೆಳಗೆ ಬಂದು ನಿಂತಳು.

"ಏನ ಬರದಾರ್ರಿ ಅಕ್ಕೋರ?"

ಮುಕ್ತಾ ಓದಿ ಹೇಳಿದಳು. ಮುದುಕಿ ನೀರು ಸುರಿಯುವವರು ಯಾರಾದರೂ ಇದ್ದಾರೆಯೇ ಎಂದು ಸುತ್ತ ನೋಡಿದಳು. ಮುಕ್ತಾ ತಡೆಯಲಾರದೆ ಕಟ್ಟೆ ಹತ್ತಿ, ತಂಬಿಗೆ ತುಂಬಿ, ಅವಳ ಕೈಗೇ ಕೊಡಲು ಬಂದಳು. "ತಗೋರಿ ಯಲ್ಲವ್ವ. ನಿಮ್ಮ ಕೂಸಿನ ಹೆಸರಲೇ ಇಟ್ಟ ನೀರು. ನೀವ ಎತ್ತಿ ಕುಡೀರಿ."

ಯಲ್ಲವ್ವ ಎರಡು ಹೆಜ್ಜೆ ಹಿಂದೆ ಸರಿದಳು.

"ಬ್ಯಾಡ್ರಿ ಅಕ್ಕೋರ, ನಿಮ್ಮ ಕಾಲಿಗಿ ಬೀಳ್ತೇನಿ. ಮನ್ಯಾಗ ಇನ್ನೊಂದು ಕೂಸೈತಿ."

ಮುತ್ತುರಾಜ ಬಂದು ಮುಕ್ತಾಳ ಕೈಯಿಂದ ತಂಬಿಗೆ ಇಸಿದುಕೊಂಡ. ಯಲ್ಲವ್ವ ಮೊಮ್ಮಗಳ ಹೆಸರಿನ ಕೆಳಗೆ ಬಗ್ಗಿ ಬೊಗಸೆ ಒಡ್ಡಿದಳು. ಅವನು ಮೇಲಿನಿಂದ ನೀರು ಸುರಿದ.