ಕೆಲಸ ಬಾರದವಳು

ಹಗ್ಗ ಸಡಿಲಿಸುತ್ತ ನಾಲ್ವರು ಶವಪೆಟ್ಟಿಗೆಯನ್ನು ಗುಂಡಿಗೆ ಇಳಿಸುತ್ತಿದ್ದರು.

“ನಿಧಾನ, ನಿಧಾನ. ಒಂದು ಕಡೆ ವಾಲ್ತಾ ಇದೆ,” ಎಂದ ಸತ್ತವನ ಭಾವಮೈದುನ.

“ಅವರೇ ಇದ್ದಿದ್ರೆ ಮಟ್ಟ ನೋಡದೆ ಇಳಿಯೋಕೇ ಬಿಡ್ತಿರಲಿಲ್ಲ,” ಎಂದು ಸಂಶೋಧಕನೊಬ್ಬ ಗೊಣಗಿದ. ಅಳುತ್ತಿದ್ದವರಲ್ಲೂ ಒಬ್ಬಿಬ್ಬರು ನಕ್ಕರು.

ಸತ್ತವನನ್ನು ಎಲ್ಲರೂ ಪಂಪಣ್ಣ ಎನ್ನುತ್ತಿದ್ದರು. ವಿಶ್ವವಿದ್ಯಾಲಯದ ನ್ಯಾನೊ ಕೇಂದ್ರದ ಯಂತ್ರಗಳನ್ನು ಎಲ್ಲ ವಿಭಾಗದವರೂ ಸರದಿಯ ಮೇಲೆ ಬಳಸುತ್ತಿದ್ದರು. ಅವುಗಳಲ್ಲಿ ಅತಿ ಹಳೆಯದನ್ನು ಇಪ್ಪತ್ತಾರು ವರ್ಷ ಅವನೊಬ್ಬನೇ ನೋಡಿಕೊಂಡಿದ್ದ. ಪಂಪು ಗಾಳಿಯನ್ನೆಲ್ಲ ಹೀರಿದ ಮೇಲೆ, ಆ ಯಂತ್ರದ ಉಕ್ಕಿನ ಹೊಟ್ಟೆಯೊಳಗೆ ಕೂದಲಿನ ಸಾವಿರದಲ್ಲೊಂದು ಪಾಲಿನಷ್ಟು ತೆಳುವಾದ ಪದರ ಬೆಳೆಯುತ್ತಿತ್ತು. ಮಗಳ ಮದುವೆಯ ದಿನವೂ ಊಟಕ್ಕೆ ಕೂತವನನ್ನು ಎಬ್ಬಿಸಿಕೊಂಡು ಹೋಗಿದ್ದರು.

ಪಂಪಣ್ಣನ ವಿಧವೆಯ ಪಕ್ಕದಲ್ಲಿ ಅವನ ಸಹಾಯಕಿ ನಿಂತಿದ್ದಳು.

“ನಿನ್ನನ್ನ ಎಷ್ಟೊಂದು ಬೈತಿದ್ರಮ್ಮ. ಮನಸ್ಸಲ್ಲಿ ಇಟ್ಕೋಬೇಡ,” ಎಂದಳು ವಿಧವೆ.

“ಇಲ್ಲ ಅತ್ತಿಗೆ.”

ಹಿಂದಿನಿಂದ ಕೇಂದ್ರದ ನಿರ್ದೇಶಕರು ತಗ್ಗಿದ ದನಿಯಲ್ಲಿ ಸಹಾಯಕಿಗೆ ಹೇಳಿದರು: “ಸೋಮವಾರ ನಿಮ್ಮ ವರ್ಗಾವಣೆಗೆ ರುಜು ಹಾಕ್ತೀನಿ. ಯಂತ್ರವಂತೂ ನಿಮಗೆ ಒಲೀಲಿಲ್ಲ. ಗಂಡ, ಮಗಳ ಜೊತೆ ಹಾಯಾಗಿರಿ.”

ಅವಳು ತಲೆ ತಗ್ಗಿಸಿದಳು. ಐದು ವರ್ಷದಿಂದ ಗಂಡ, ಮಗಳದು ಬೇರೆ ಊರು. ಮಗಳು ಈಚೆಗೆ ಫೋನಿನಲ್ಲಿ ಬರೀ ‘ಹ್ಞೂಂ’ ಎನ್ನುತ್ತಿದ್ದಳು.

*

ಮೊದಲ ವರ್ಷವೇ ಪಂಪಣ್ಣ ಸಹಾಯಕಿಗೆ ಎಲ್ಲ ಕಲಿಸಿದ್ದ. ಯಂತ್ರದ ಹಿಂದೆ ಕುಕ್ಕರುಗಾಲಲ್ಲಿ ಕೂತು, ಪಂಪಿನ ದನಿಯಿಂದಲೇ ಅದನ್ನು ತಣಿಸುವ ನೀರು ಕಟ್ಟಿದೆಯೋ, ಎಣ್ಣೆ ಕೆಟ್ಟಿದೆಯೋ ಹೇಳಬೇಕು. ಎರಡನೆಯ ಸಲಕ್ಕೇ ಅವಳು ಸರಿಯಾಗಿ ಹೇಳಿದಾಗ ಅವನು ಕೈಗವಸು ಕಳಚಿಟ್ಟ.

“ನಿಂಗೆ ಬರುತ್ತೆ ಅಂತ ಯಾರಿಗೂ ಹೇಳ್ಬೇಡ ಕಣಮ್ಮ.”

“ಯಾಕಣ್ಣ?”

“ನಾಲ್ಕು ಸಲ ವರ್ಗ ಕೇಳ್ದೆ. ನೀನು ಹೋದ್ರೆ ಇದನ್ನ ನೋಡೋರ್ಯಾರು ಅಂದ್ರು. ಈ ನೊಗಕ್ಕೆ ಕತ್ತು ಕೊಟ್ರೆ ಬಿಚ್ಚೋರಿಲ್ಲ.”

ಮರುದಿನದಿಂದ ನಾಲ್ಕು ಜನರ ಮುಂದೆ ಬೈಯತೊಡಗಿದ: “ಮುಟ್ಬೇಡ ಮಹಾತಾಯಿ! ಇವಳು ದೂರದಿಂದ ನೋಡಿದ್ರೂ ಫ್ಯೂಸ್ ಹೋಗುತ್ತೆ!”

*

ಮೊದಲ ಹಿಡಿ ಮಣ್ಣು ಬಿದ್ದಾಗ ಸಂಶೋಧಕನ ಫೋನು ರಿಂಗಣಿಸಿತು. ಕೇಂದ್ರದಲ್ಲಿ ಉಳಿದಿದ್ದ ವಿದ್ಯಾರ್ಥಿನಿ. ಅವಳ ಅಳು ಸುತ್ತಲಿನವರಿಗೂ ಕೇಳಿಸಿತು.

“ನೀರು ನಿಂತೋಯ್ತು! ಪಂಪು ಕಾದು ಕಿರುಚ್ತಾ ಇದೆ. ಒಳಗಿರೋದು ನನ್ನ ಮೂರು ವರ್ಷದ ಕೆಲಸ ಅಣ್ಣಾ. ಆರಿಸಿಬಿಡ್ಲಾ?”

“ಆರಿಸು ಅನ್ನಿ, ಇನ್ನೇನು ಮಾಡೋದು,” ಎಂದರು ನಿರ್ದೇಶಕರು.

ಯಂತ್ರ ಆರಿಸಿ, ಕಾದ ಪದರ ಒಮ್ಮೆಲೇ ತಣಿದರೆ ಸಿಡಿದು ಪುಡಿಯಾಗುತ್ತದೆ. ಸಹಾಯಕಿಗೆ ಅದು ಗೊತ್ತಿತ್ತು. ಅವಳು ಗುಂಡಿಯನ್ನೇ ನೋಡುತ್ತ ನಿಂತಳು. ಫೋನಿನೊಳಗೆ ಹುಡುಗಿ ಬಿಕ್ಕುತ್ತಲೇ ಇದ್ದಳು. ಕೊನೆಗೆ ಸಹಾಯಕಿ ಫೋನಿಗೆ ಕೈ ಚಾಚಿದಳು.

“ಆರಿಸ್ಬೇಡ. ಹಿಂದುಗಡೆ ನೀರು ಸೋಸೋ ಜಾಲರಿ ಕಟ್ಕೊಂಡಿರುತ್ತೆ. ಅದರ ಪಕ್ಕದ ಕೆಂಪು ನಲ್ಲಿ ಪೂರ್ತಿ ತಿರುಗಿಸು. ದನಿ ಇಳೀತಾ?”

“ಇಳೀತಾ ಇದೆ ಅಕ್ಕಾ!”

ಅವಳು ಫೋನು ಹಿಂದಿರುಗಿಸಿದಳು. ನಿರ್ದೇಶಕರ ಮುಖ ಅರಳಿತ್ತು.

“ನಿಮಗೆ ಬರುತ್ತಲ್ರೀ! ಸದ್ಯ, ಬದುಕಿದ್ವಿ. ಬನ್ನಿ, ಕಾರಲ್ಲೇ ಹೋಗೋಣ.”

“ಸರ್, ಸೋಮವಾರ...”

“ಅದೆಲ್ಲ ಆಮೇಲೆ ನೋಡೋಣ, ಬನ್ನಿ.”

ವಿಧವೆ ಅವಳ ತೋಳನ್ನು ಬಿಗಿಯಾಗಿ ಹಿಡಿದಿದ್ದಳು. ಒಂದೊಂದೇ ಬೆರಳು ಬಿಡಿಸಿಕೊಳ್ಳಬೇಕಾಯಿತು.

ಹೊರಗಿನ ದೂಳು ಒಳಹೋಗದಂತೆ ಕೇಂದ್ರದ ಬಾಗಿಲಲ್ಲಿ ಬಿಳಿಯ ಅಂಟುಹಾಳೆ ಹಾಸಿದ್ದರು. ಅಂಟಿದ ಪಾದಗಳನ್ನು ಕಿತ್ತು ಕಿತ್ತು ಇಡುತ್ತ ಅವಳು ದಾಟಿದಳು. ಬಾಗಿಲು ಮುಚ್ಚಿಕೊಂಡಿತು. ಹಾಳೆಯ ಮೇಲೆ ಮಸಣದ ಕೆಮ್ಮಣ್ಣಿನ ನಾಲ್ಕು ಹೆಜ್ಜೆಗಳು ಉಳಿದವು, ನಾಲ್ಕೂ ಒಳಮುಖವಾಗಿ.