ಓಣಿಗೆಲ್ಲ ಹಂಪಮ್ಮನ ನಂಬರ್

ಹಂಪಮ್ಮನ ಫೋನ್ ನಂಬರಿನಲ್ಲಿ ತೆರೆದ ಆನ್‌ಲೈನ್ ಆಟದ ಖಾತೆಯಿಂದ ಹಿರೇಹಡಗಲಿಯ ಎಂಟನೇ ತರಗತಿಯ ಹುಡುಗಿಯೊಬ್ಬಳಿಗೆ ಹೊಲಸು ಮಾತು ಬರೆದು ಕಳಿಸಲಾಯಿತು. ಹುಡುಗಿ ಶಾಲೆಗೆ ಹೋಗುವುದನ್ನು ಬಿಟ್ಟಳು. ಹಂಪಮ್ಮನಿಗೆ ಓದು ಬರಹ ಬರುವುದಿಲ್ಲ.

ಈ ಸುದ್ದಿ ಅವಳಿಗೆ ತಲುಪಿದ್ದು ಕೊಟ್ಟೂರಿನ ಶಾಲೆಯೊಂದರ ಅಡುಗೆಮನೆಯಲ್ಲಿ. ಮಕ್ಕಳ ಬಿಸಿಯೂಟಕ್ಕೆ ಬೇಳೆ ತೊಳೆಯುತ್ತಿದ್ದಳು. ಹಡಗಲಿ ಕಡೆಯ ಠಾಣೆಯಿಂದ ಫೋನ್ ಬಂತು. ಮಾತಾಡಿದವರು ಮರ್ಯಾದೆಯಿಂದಲೇ ಕೇಳಿದರು.

“ಈ ನಂಬರ್ ನಿಮ್ದೇ ಏನಮ್ಮಾ?”

“ನಂದ ರೀ.”

“ಬ್ಯಾರೆ ಯಾರಾದ್ರೂ ಬಳಸ್ತಾರೇನು?”

“ಓಣ್ಯಾನವ್ರೆಲ್ಲಾ ಬಳಸ್ತಾರ್ರಿ” ಎಂದಳು ಹಂಪಮ್ಮ, ಅದೊಂದು ಹೆಮ್ಮೆಯ ಸಂಗತಿ ಎಂಬಂತೆ.

ಆ ಕಡೆಯವರು ಹುಡುಗಿಯ ವಿಷಯ ಹೇಳಿದರು. ನಾಳೆ ಬೆಳಿಗ್ಗೆ ಫೋನ್ ಸಮೇತ ಠಾಣೆಗೆ ಬಂದು, ಆ ನಂಬರ್ ಯಾರ ಕೈಗೆ ಹೋಗಿತ್ತು ಎಂದು ಹೇಳಿಕೆ ಕೊಡಬೇಕು ಎಂದರು.

ಫೋನ್ ಇಟ್ಟ ಮೇಲೆ ತೊಳೆದ ಬೇಳೆಯನ್ನೇ ಮತ್ತೆ ತೊಳೆದಳು. ಸಾರಿಗೆ ಉಪ್ಪು ಹಾಕಿದ್ದು ಮರೆತು ಮತ್ತೆ ಹಾಕಿದಳು. ಎಂಟನೇ ತರಗತಿಯ ಹುಡುಗಿಯರು ತಟ್ಟೆ ಹಿಡಿದು ಎದುರು ಬಂದಾಗ ಯಾರ ಮುಖವನ್ನೂ ನೋಡಲಾಗದೆ ತಲೆ ತಗ್ಗಿಸಿ ಬಡಿಸಿದಳು.

“ಯಾಕ್ರೀ ಹಂಪಮ್ಮಾರ, ಇವತ್ತು ಸಮುದ್ರದ ನೀರು ತಂದು ಸಾರು ಮಾಡೀರೇನು?” ಎಂದು ಒಬ್ಬಳು ಚೇಷ್ಟೆ ಮಾಡಿದಳು. ಹಂಪಮ್ಮ ನಗಲಿಲ್ಲ. ಇಂಥ ಹುಡುಗಿಗೇ ಅಲ್ಲವೇ ನನ್ನ ನಂಬರಿನಿಂದ ಹೊಲಸು ಹೋದದ್ದು? ನಾಳೆ ಇವರ ಅಪ್ಪ ಅವ್ವಂದಿರಿಗೆ ಗೊತ್ತಾದರೆ ಈ ಕೈಯಿಂದ ಬಡಿಸಿದ್ದನ್ನು ಉಣ್ಣಲು ಬಿಡುತ್ತಾರೆಯೇ?

ಹಂಪಮ್ಮನ ಓಣಿಯಲ್ಲಿ ಒಂದು ರೂಢಿ ಇತ್ತು. ಯಾರ ಫೋನಿನಲ್ಲಿ ಕರೆನ್ಸಿ ಮುಗಿದಿರಲಿ, ಯಾರ ಸಿಮ್ ಬಂದ್ ಆಗಿರಲಿ, ಎಲ್ಲಿ ನಂಬರ್ ಕೇಳಿದರೂ ಹಂಪಮ್ಮನದನ್ನು ಬರೆಸುತ್ತಿದ್ದರು. ಗ್ಯಾಸಿಗೆ ಅದೇ, ರೇಷನ್ ಕಾರ್ಡಿಗೆ ಅದೇ, ದವಾಖಾನೆಯ ಚೀಟಿಗೂ ಅದೇ. ಅವಳಿಗೆ ಅಕ್ಷರ ಬಾರದಿದ್ದರೂ ಅಂಕಿ ಬರುತ್ತಿದ್ದವು, ಗೋಡೆಯ ಕ್ಯಾಲೆಂಡರ್ ನೋಡಿ ನೋಡಿ ಕಲಿತದ್ದು. ಫೋನು ಕಿಣ್ ಎಂದು ಒಟಿಪಿ ಅಂಕಿ ಬಂದರೆ ಸಾಕು, ರೊಟ್ಟಿ ಬಡಿಯುತ್ತಿದ್ದ ಕೈಯನ್ನು ಸೆರಗಿಗೆ ಒರೆಸಿಕೊಂಡು, ಹೊಸ್ತಿಲಲ್ಲಿ ನಿಂತು ಕೂಗುತ್ತಿದ್ದಳು:

“ಎರ್ರೆಮ್ಮಾ, ಇದು ನಿಂದೇನ? ನಾಕು, ಎಂಟು, ಸೊನ್ನಿ, ಸೊನ್ನಿ, ಒಂದು, ಏಳು!”

ಬಾಯಾರಿ ಬಂದವರಿಗೆ ನೀರು ಇಲ್ಲ ಎನ್ನುತ್ತಾರೆಯೇ? ನಂಬರೂ ಹಾಗೆಯೇ ಎಂದುಕೊಂಡಿದ್ದಳು. ಅವಳ ದೊಡ್ಡತನ ಅದರಲ್ಲಿತ್ತು. ಕಳ್ಳ ಕೈ ಹಾಕಿದ್ದೂ ಅಲ್ಲಿಯೇ.

ಶಾಲೆ ಬಿಟ್ಟ ಮೇಲೆ ಹಂಪಮ್ಮ ಮನೆಗೆ ಹೋಗಲಿಲ್ಲ. ಓಣಿಯ ಬಾಯಿಗೇ ಇರುವ ದಸ್ತಗಿರಿಯ ಬೈಕ್ ಗ್ಯಾರೇಜಿಗೆ ಬಂದಳು. ದಸ್ತಗಿರಿಯ ಮಗಳು ಮೆಹರೀನ ಬಿ.ಕಾಂ. ಓದುವವಳು. ಅಪ್ಪನ ಸ್ಟೂಲಿನ ಮೇಲೆ ಕೂತು ಫೋನಿನಲ್ಲಿ ಮುಳುಗಿದ್ದಳು.

“ಮೆಹರೀನಾ, ಈ ಆಟ ಆಟ ಅಂತಾರಲ್ಲ, ಫೋನಿನಾಗಿಂದು, ಅದ್ರ ಬಗ್ಗೆ ನಿನಗೇನಾರ ಗೊತ್ತೈತೇನವ್ವಾ?”

ಮೆಹರೀನ ಬಾಯಿ ತೆರೆಯುವ ಮೊದಲೇ ದಸ್ತಗಿರಿ ಬೈಕಿನ ಕೆಳಗಿನಿಂದ ನಕ್ಕ. “ಆಕೀನ್ನ ಕೇಳ್ತೀಯಲ್ಲ ಹಂಪಮ್ಮಾ! ದಿನಾ ಅದ್ರಾಗ ಗನ್ನು ಹಿಡ್ಕೊಂಡು ಓಡಾಡ್ತಾಳ. ಮನ್ಯಾಗ ಕಸಬರಿಗಿ ಹಿಡಿ ಅಂದ್ರ ಕೈ ನೋವಂತ.”

“ಅಬ್ಬಾ, ಸುಮ್ನಿರು” ಎಂದು ಅಪ್ಪನಿಗೆ ಹೇಳಿ ಮೆಹರೀನ ಇತ್ತ ತಿರುಗಿದಳು. “ಏನಾತು ಅಕ್ಕಾ?”

ಹಂಪಮ್ಮ ಕೂರದೆಯೇ ಹೇಳಿದಳು. ಹೇಳುತ್ತಲೇ ಗ್ಯಾರೇಜಿನ ಆ ತುದಿಯಿಂದ ಈ ತುದಿಗೆ ನಡೆದಳು. ಅಷ್ಟರಲ್ಲಿ ಪಕ್ಕದ ಮನೆಯ ಎರ್ರೆಮ್ಮನೂ ಬಂದು ಕಟ್ಟೆಯ ಮೇಲೆ ಕೂತಿದ್ದಳು. ಮೆಹರೀನ ಹಂಪಮ್ಮನ ಫೋನ್ ಇಸಿದುಕೊಂಡು ಹಳೆಯ ಮೆಸೇಜುಗಳನ್ನು ಕೆಳಗೆ ಕೆಳಗೆ ಸರಿಸಿ, ಒಂದು ಮೆಸೇಜಿನ ಮೇಲೆ ಬೆರಳು ನಿಲ್ಲಿಸಿದಳು.

“ಇಲ್ಲಿ ಐತಿ ನೋಡ್ರಿ. ದೀಪಾವಳಿ ಮುಂಚಿಂದು. ಆಟದ ಹೆಸರು, ಆರು ಅಂಕಿ. ಕೆಳಗ ಇಂಗ್ಲೀಷಿನಾಗ ಒಂದು ಸಾಲು ಬರದಾರ, ಇದನ್ನ ಯಾರಿಗೂ ಹೇಳಬ್ಯಾಡ್ರಿ ಅಂತ.”

“ಇಂಗ್ಲೀಷಿನಾಗ ಬರದ್ರ ನನಗ ಹೆಂಗ ತಿಳೀಬೇಕು?” ಹಂಪಮ್ಮನ ದನಿ ಏರಿತು. “ಬ್ಯಾಡ ಅನ್ನೋದನ್ನ ನನ್ನ ಮಾತಿನಾಗ ಹೇಳಬೇಕಿಲ್ಲೇನು ಅವ್ರು?”

ಆ ಪ್ರಶ್ನೆ ಕೇಳಬೇಕಾದದ್ದು ಮೆಹರೀನಳನ್ನಲ್ಲ, ಆಟ ಕಟ್ಟಿ ದುಡಿಯುವ ಕಂಪನಿಗಳನ್ನು.

“ಆಟದವ್ರು ಫೋನ್ ನಂಬರ್ ಯಾಕ ಕೇಳ್ತಾರ ಗೊತ್ತೇನ್ರಿ?” ಎಂದಳು ಮೆಹರೀನ. “ಆಡೋದು ನಿಜವಾದ ಮನಷ್ಯಾ ಹೌದೋ ಅಲ್ಲೋ ನೋಡಾಕ. ಮೋಸ ಮಾಡಿದೋನ್ನ ಹೊರಗ ಹಾಕ್ತಾರ, ಅವನ ನಂಬರೂ ಬಂದ್. ಮತ್ತ ಹೊಸ ಹೆಸರಿಟ್ಕೊಂಡು ಬರಬಾರ್ದು ಅಂತ. ಹೊರಗ ಬಿದ್ದೋರು ಸುಮ್ನಿರ್ತಾರೇನು? ಮಂದಿ ನಂಬರ್ ಹುಡುಕ್ಕೋಂತ ತಿರುಗ್ತಾರ. ಕೊಡೋ ಮಂದಿ ಅದಾರಲ್ಲ, ನಮ್ಮಂಥೋರು.”

“ಅಯ್ಯ, ಅಂಕಿ ಏನು ಬಂಗಾರೇನ, ಕದ್ಕೊಂಡು ಹೋಗಾಕ?” ಎರ್ರೆಮ್ಮ ಮೂಗು ಮುರಿದಳು. “ನನ್ನ ಸಿಲಿಂಡರ್ ಅಂಕಿ ಎಷ್ಟು ಸಲ ಕೂಗ್ಯಾಳ. ನನ್ನ ಮನ್ಯಾಂದು ಒಂದು ಚಮಚಾನೂ ಹೋಗಿಲ್ಲ.”

“ಸಿಲಿಂಡರ್ ನೀವ ತರಿಸಿದ್ದು, ಎರ್ರೆಮ್ಮಕ್ಕ. ಬಾಗಲಾಗ ಇಳಿಸಿದ ಮ್ಯಾಲೆ ತಂದಾತಗ ಹೇಳ್ರಿ, ತಪ್ಪಿಲ್ಲ. ನಾವು ಕೇಳದ ಬಂದ ಅಂಕಿ ಬ್ಯಾರೆ. ನಂಬರ್ ಅಂದ್ರ ಮನಿ ವಿಳಾಸ ಇದ್ದಂಗ, ನಾಕು ಮಂದಿಗೆ ಗೊತ್ತಿರ್ತೈತಿ. ಆ ಅಂಕಿ ಹಂಗಲ್ಲ. ಅದನ್ನ ಹೇಳಿದ್ರ ಖಾಲಿ ಹಾಳಿ ಮ್ಯಾಲೆ ಹೆಬ್ಬೆಟ್ಟು ಒತ್ತಿ ಕೊಟ್ಟಂಗ. ಮುಂದ ಅದ್ರಾಗ ಯಾರು ಏನು ಬರದ್ರೂ ನಿಮ್ಮ ಹೆಸರ.”

ಹಂಪಮ್ಮ ನಡೆಯುವುದನ್ನು ನಿಲ್ಲಿಸಿದಳು. ಹೆಬ್ಬೆಟ್ಟು ಒತ್ತುವ ಅವಮಾನ ಬೇಡವೆಂದೇ ಅವಳು ಹಟ ಹಿಡಿದು ಸಹಿ ಕಲಿತಿದ್ದಳು. ಮಹಿಳಾ ಸಂಘದ ಸಭೆಯಲ್ಲಿ ಮಸಿ ಡಬ್ಬಿಯನ್ನು ಪಕ್ಕಕ್ಕೆ ಸರಿಸಿ ಪೆನ್ನು ಕೇಳಿದ ದಿನ ಓಣಿಗೆಲ್ಲ ಬೆಲ್ಲ ಹಂಚಿದ್ದಳು. ಈಗ ನೋಡಿದರೆ ಇಷ್ಟು ದಿನ ಹೊಸ್ತಿಲಲ್ಲಿ ನಿಂತು ಹೆಬ್ಬೆಟ್ಟನ್ನೇ ಹಂಚುತ್ತಿದ್ದಳು.

ದೀಪಾವಳಿ ಮುಂಚೆ. ಅವಳಿಗೆ ನೆನಪಾಯಿತು. ಅವತ್ತು ಅಂಕಿ ಕೇಳಿದ್ದು ಓಣಿಯವರಲ್ಲ. ಕೂಡ್ಲಿಗಿ ಕಡೆಯಿಂದ ಬಂದು, ಅವಳ ಮನೆಯಲ್ಲೇ ಉಂಡು, ಅಲ್ಲಿಯೇ ಮಲಗಿ, ಕೊಟ್ಟೂರಿನಲ್ಲಿ ಡಿಗ್ರಿ ಓದುತ್ತಿರುವ ಅಣ್ಣನ ಮಗ ಅರುಣ್ ಕುಮಾರ್. ‘ಅತ್ತಿ, ಸ್ಕಾಲರ್‌ಶಿಪ್ಪಿಂದು ಒಂದು ನಂಬರ್ ಬರ್ತೈತಿ, ಓದು’ ಅಂದಿದ್ದ. ಅವನಿಗೆಂದೇ ಜೋರಾಗಿ, ಬಿಡಿಬಿಡಿಯಾಗಿ ಓದಿದ್ದಳು.

ಕಾಲೇಜು ಬಿಟ್ಟು ಬರುತ್ತಿದ್ದ ಅರುಣ್ ಕುಮಾರ್ ಗ್ಯಾರೇಜಿನ ಮುಂದೆ ಹಾಯುತ್ತಿದ್ದ. ಹಂಪಮ್ಮ ಕರೆದಳು. ಹಿಂದೆಂದೂ ಹಾಗೆ ಕರೆದಿರಲಿಲ್ಲ.

“ನಿಲ್ಲಲೇ. ದೀಪಾಳಿ ಮುಂದ ನಾ ಓದಿದ ಅಂಕಿ ಯಾವುದಕ್ಕಿತ್ತು?”

“ಯಾವ ಅಂಕಿ ಅತ್ತಿ? ಸ್ಕಾಲರ್‌ಶಿಪ್ಪಿಂದು.”

“ಮೆಹರೀನ ಓದ್ಯಾಳ. ಆ ಖಾತೆಯಿಂದ ಹಿರೇಹಡಗಲಿ ಹುಡುಗಿಗೆ ಹೊಲಸು ಹೋಗೈತಂತ, ನಾಳೆ ಠಾಣೆಗೆ ಬಾ ಅಂದಾರ.”

ಅವನು ಮೆಹರೀನಳನ್ನು ಕೆಕ್ಕರಿಸಿ ನೋಡಿದ. ಆಮೇಲೆ ನೆಲ ನೋಡಿದ. “ಆಟದ್ದು. ನನ್ನ ಖಾತೆ ಬಂದ್ ಮಾಡಿದ್ರು, ನಂಬರ್ ಸಮೇತ. ಮತ್ತ ಆಡಾಕ ಬ್ಯಾರೆ ನಂಬರ್ ಬೇಕಿತ್ತು.”

“ಬಂದ್ ಯಾಕ ಮಾಡಿದ್ರು ಅನ್ನೋದನ್ನೂ ಹೇಳಪಾ” ಎಂದಳು ಮೆಹರೀನ. “ಗ್ವಾಡಿ ಹಿಂದ ಅಡಗಿದೋರೂ ಕಾಣೋ ಕಳ್ಳ ಆ್ಯಪ್ ಹಾಕ್ಕೊಂಡಿದ್ದಿ, ಹೌದಿಲ್ಲೋ?”

“ನೀ ಸುಮ್ನಿರು! ಅತ್ತಿ, ನಿನ್ನಾಣಿ, ಹೊಲಸು ನಾ ಬರದಿಲ್ಲ. ನಾ ಆ ಖಾತೆ ಮಾರಿಬಿಟ್ಟಿದ್ದೆ.”

“ಯಾರಿಗೆ?”

“ಗೊತ್ತಿಲ್ಲ. ಫೋನಿನಾಗ ಸಿಕ್ಕೋನು. ಮುಖ ನೋಡಿಲ್ಲ. ಮೆಸೇಜ್ ಮಾಡ್ತಿರ್ತಾನ ಅಷ್ಟ.”

“ಅಂದ್ರ ನನ್ನ ಹೆಸರು ಮಾರಿದಿ” ಎಂದಳು ಹಂಪಮ್ಮ. “ಕೊಂಡೋನ ಮುಖಾನೂ ನೋಡದ ಮಾರಿದಿ.”

ಅರುಣ್ ಕುಮಾರನ ಕಣ್ಣು ತುಂಬಿದವು. ಆದರೆ ಬುದ್ಧಿ ಮಾತ್ರ ತಪ್ಪಿಸಿಕೊಳ್ಳುವ ಕಡೆಗೇ ಓಡಿತು. “ಅತ್ತಿ, ಒಂದು ಮಾಡು. ಸಿಮ್ ಮುರದು ಒಗಿ. ಫೋನು ಸಂತ್ಯಾಗ ಕಳದಿತ್ತು ಅನ್ನು. ನೀ ಓದಾಕ ಬರದಾಕಿ, ನಿನ್ನ ಯಾರೂ ಹೆಚ್ಚು ಕೇಳಂಗಿಲ್ಲ. ನನ್ನ ಹೆಸರು ಬಂದ್ರ ನನ್ನ ಓದು ಮುಗೀತು.”

“ಹೌದವ್ವಾ, ಮನಿ ಹುಡುಗ” ಎಂದಳು ಎರ್ರೆಮ್ಮ. “ಯಾವೂರಿನ ಹುಡುಗೀನೋ ಏನೋ. ನಿನಗ್ಯಾಕ ಬೇಕು?”

“ಸಿಮ್ ಮುರದ್ರ ಆ ಹೊಲಸು ಬರದೋನ್ನ ಹಿಡಿಯೋ ದಾರೀನೂ ಮುರೀತೈತಿ, ಅಕ್ಕಾ” ಎಂದಳು ಮೆಹರೀನ. “ನಂಬರ್ ನಿಮ್ಮ ಕೈಯಾಗಿರೋ ತನಕ ಆ ಖಾತೆ ಬಾಗಲದ ಕೀಲಿ ನಿಮ್ಮ ಕೈಯಾಗ. ನೀವು ಹ್ಞೂಂ ಅಂದ್ರ ಈಗಿಂದೀಗ ಆಟದವ್ರಿಗೆ ದೂರು ಬರೀತೀನಿ, ಈ ಖಾತೆ ನಾ ತೆರದಿದ್ದಲ್ಲ ಅಂತ. ಅರುಣಾ, ಅವನ ಮೆಸೇಜು ನಿನ್ನ ಫೋನಿನಾಗ ಅದಾವಲ್ಲ, ಒಂದೂ ಅಳಿಸಬ್ಯಾಡ. ನಿನ್ನನ್ನ ಉಳಿಸೋವೂ ಅವ.”

ಹಂಪಮ್ಮ ಹ್ಞೂಂ ಅಂದಳು. ಅಷ್ಟೇ. ಸಿಮ್ ಮುರಿಯುತ್ತೇನೆ ಎನ್ನಲಿಲ್ಲ, ಮುರಿಯುವುದಿಲ್ಲ ಎಂದೂ ಹೇಳಲಿಲ್ಲ. ಮನೆಗೆ ಬಂದು ಒಲೆ ಹಚ್ಚಿದಳು, ಆರಿಸಿದಳು. ಅಣ್ಣ ‘ನಿನ್ನ ಮಡಿಲಿಗೆ ಹಾಕೀನಿ’ ಎಂದು ಒಪ್ಪಿಸಿ ಹೋದ ಹುಡುಗ ಒಂದು ಕಡೆ. ಕಂಡರಿಯದ ಹುಡುಗಿ ಇನ್ನೊಂದು ಕಡೆ. ಪುಸ್ತಕದ ಚೀಲ ಗೂಟಕ್ಕೆ ನೇತುಹಾಕಿ ಆ ಹುಡುಗಿ ಯಾವ ಮೂಲೆಯಲ್ಲಿ ಕೂತಿದ್ದಾಳೋ. ಅವಳ ಓದು ಮುಗಿಯಿತು ಎಂದು ಯಾರೂ ಅಳಲಿಲ್ಲವಲ್ಲ!

ಬೆಳಿಗ್ಗೆ ಬಸ್ ನಿಲ್ದಾಣದಲ್ಲಿ ಹಡಗಲಿ ಬಸ್ಸು ಇನ್ನೂ ಬಂದಿರಲಿಲ್ಲ. ಹಂಪಮ್ಮನ ಜೊತೆ ಮೆಹರೀನ ಇದ್ದಳು. ಎರ್ರೆಮ್ಮನೂ ಸೆರಗು ಬಿಗಿದು ಬಂದಿದ್ದಳು. “ನನ್ನ ಮೊಮ್ಮಗಳೂ ಎಂಟನೇ ಕ್ಲಾಸ ಅಲ್ಲೇನು? ಅದು ತಲಿಗೆ ಬಂದ ಮ್ಯಾಲೆ ಕುಂದ್ರಾಕ ಆಗಲಿಲ್ಲ. ಓಣಿಗೆಲ್ಲಾ ಆಕಿ ಅಂಕಿ ಕೂಗ್ತಾಳ ಅಂತ ಠಾಣ್ಯಾಗ ನಾನ ಹೇಳ್ತೀನಿ ನಡಿ” ಎಂದಳು.

ಅಷ್ಟರಲ್ಲಿ ಅರುಣ್ ಕುಮಾರ್ ಓಡಿ ಬಂದ. ಅದೇ ಹೊತ್ತಿಗೆ ಹಂಪಮ್ಮನ ಕೈಯಲ್ಲಿದ್ದ ಫೋನು ಕಿಣ್ ಎಂದಿತು.

“ಅತ್ತಿ, ಬಂತೇನು ನಂಬರ್? ಓದು, ಲಗೂನ ಓದು! ಮೆಹರೀನ ಬರದ ದೂರಿಗೆ ಆಟದವ್ರು ಖಾತೆ ಕೊಂಡೋನ್ನ ಹೊರಗ ಹಾಕ್ಯಾರ. ಮತ್ತ ಒಳಗ ಹೋಗಾಕ ನಿನ್ನ ಫೋನಿಗೆ ಬರೋ ಅಂಕಿ ಬೇಕಂತ. ಹೇಳಿದ್ರ ಒಳಗ ಹೋಗಿ ಎಲ್ಲಾ ಅಳಿಸಿಬಿಡ್ತಾನಂತ. ಏನೂ ಉಳಿಯಂಗಿಲ್ಲ. ಇದೊಂದು ಸಲ, ಅತ್ತಿ!”

“ಆ ಹುಡುಗಿ?” ಎಂದಳು ಹಂಪಮ್ಮ.

“ಓದತ್ತಿ” ಎಂದ ಮತ್ತೆ.

ಇದನ್ನು ಓದುತ್ತಿರುವ, ಓದಿಸಿ ಕೇಳುತ್ತಿರುವ ಅಕ್ಕ ತಂಗಿಯರೇ, ಅಣ್ಣ ತಮ್ಮಂದಿರೇ, ಈ ಕಿಣ್ ಎಂಬ ಸದ್ದು ನಾಳೆ ನಿಮ್ಮ ಮನೆಯಲ್ಲೂ ಆಗುತ್ತದೆ. ಕೇಳುವವನು ಹೊರಗಿನ ಕಳ್ಳನೇ ಆಗಬೇಕಿಲ್ಲ, ನಿಮ್ಮ ತಟ್ಟೆಯಲ್ಲಿ ಉಂಡವನೂ ಕೇಳಬಹುದು. ನೀವಾಗಿ ಕೇಳದೆ ಬಂದ ಅಂಕಿಯನ್ನು ಯಾರಿಗೂ ಓದಿ ಹೇಳಬೇಡಿ, ಮಗನಿಗೂ ಬೇಡ, ಅಳಿಯನಿಗೂ ಬೇಡ. ಆಟ ಆಡುವ ಮಕ್ಕಳು ಆಡಲಿ, ತಮ್ಮದೇ ನಂಬರಿನಲ್ಲಿ, ನಿಮ್ಮ ಕಣ್ಣೆದುರು ಆಡಲಿ. ಖಾತೆ ಮಾರುವುದೆಂದರೆ ಹೆಸರು ಮಾರುವುದು ಎಂದು ಅವರಿಗೆ ಹೇಳಿ. ಆಗಲೇ ಮೋಸ ಹೋಗಿದ್ದರೆ ಸಿಮ್ ಮುರಿಯಬೇಡಿ, ಮೆಸೇಜು ಅಳಿಸಬೇಡಿ, ಹತ್ತಿರದ ಠಾಣೆಗೆ ಹೋಗಿ. ಸೈಬರ್ ವಂಚನೆಗೆ 1930 ಇದೆ, ಕಷ್ಟದಲ್ಲಿರುವ ಮಕ್ಕಳಿಗೆ 1098 ಇದೆ, ಫೋನ್ ಮಾಡಿ. ಓದು ಬಾರದವರೆಂದು ನಿಮ್ಮ ಮರೆಯಲ್ಲಿ ಅಡಗಿ ಹೊಲಸು ಮಾಡುವವರಿಗೆ ನೆರಳಾಗಬೇಡಿ.

ಹಂಪಮ್ಮ ಫೋನನ್ನು ಕಣ್ಣಿನಿಂದ ತುಸು ದೂರ ಹಿಡಿದು ನೋಡಿದಳು. ಆರೂ ಅಂಕಿ ನಿಚ್ಚಳವಾಗಿದ್ದವು. ಎದುರಿಗೆ ಹಡಗಲಿ ಬಸ್ಸು ಬಂದು ನಿಂತಿತು.

“ಓದಾಕ ಬರ್ತೈತಲೇ ನನಗ” ಎಂದಳು. “ಓದಂಗಿಲ್ಲ. ಬಸ್ಸು ಹತ್ತು.”